ಮುಖ ನೋಡದವಳ ಸಾಕ್ಷಿ

ನನ್ನ ಗಂಟಲು ಜೋರು. ಮೊದಲೇ ಹೇಳಿಬಿಡುತ್ತೇನೆ, ಆಮೇಲೆ ಯಾರೂ ಕಿವಿ ಮುಚ್ಚಿಕೊಳ್ಳಬೇಡಿ. ಹಿಟ್ಟಿನ ಗಿರಣಿ ನಡೆಸುವವಳು ಪಿಸುಗುಟ್ಟಿದರೆ ಯಾರಿಗೆ ಕೇಳೀತು? ಬೆಲ್ಟು ತಿರುಗುತ್ತಿರುವಾಗಲೇ ಗಿರಾಕಿಗೆ ‘ರಾಗಿ ಹಸಿ ಅದೆ, ಇನ್ನೊಂದು ಬಿಸಿಲು ಒಣಗಿಸ್ಕೊಂಡು ಬಾ’ ಎಂದು ಕೂಗಿ ಕೂಗಿ ಹೀಗಾಗಿದೆ. ಮೇಲಿನ ಕೋರ್ಟಿನಲ್ಲಿ ಗಿರಣಿ ಮಾದೇವಿ ಕಿರುಚಿದಳು, ಜಡ್ಜುಗಳಿಗೆ ಮರ್ಯಾದೆ ಕೊಡಲಿಲ್ಲ ಎಂದು ಊರಲ್ಲಿ ಇವತ್ತಿಗೂ ಆಡಿಕೊಳ್ಳುತ್ತಾರೆ. ಆಡಿಕೊಳ್ಳಲಿ. ಕಿರುಚಿದ್ದು ನಿಜ. ಕಿರುಚದೆ ಇದ್ದಿದ್ದರೆ ನನ್ನ ತಮ್ಮ ಚೆಲುವನನ್ನು ಇಷ್ಟು ಹೊತ್ತಿಗೆ ನೇಣಿಗೆ ಹಾಕಿ ಮುಗಿಸಿರುತ್ತಿದ್ದರು.

ನಮ್ಮೂರಲ್ಲಿ ಕಂಡದ್ದು ಕಣ್ಣಲ್ಲೇ ಉಳಿಯುತ್ತದೆ. ಬೆಳಕಿಗೆ ಮುಖಮಾಡಿ ಕೂತು ಬೇಕಾದ ಗಳಿಗೆಯನ್ನು ನೆನೆದರೆ ಸಾಕು, ಎದುರಿನವರು ಕಣ್ಣಪಾಪೆಯೊಳಗೆ ಬಗ್ಗಿ ಅದನ್ನು ನೋಡಬಹುದು. ಹಿತ್ತಲಿನ ಕೋಳಿ ಕದ್ದವರು ಯಾರು ಎಂಬುದರಿಂದ ಹಿಡಿದು, ಹೆಣ್ಣು ನೋಡಲು ಹೋದವರು ಏನು ಕಂಡು ಬಂದರು ಎಂಬುದರ ತನಕ ಎಲ್ಲ ತೀರ್ಮಾನವಾಗುವುದು ಹೀಗೇ. ಗಂಡ ಸತ್ತವಳನ್ನು ಮಾತಾಡಿಸಲು ಹೋದವರು ಅಳುವ ಮುಂಚೆ ಅವಳ ಗಲ್ಲ ಹಿಡಿದೆತ್ತಿ ಅವನನ್ನೊಂದು ಸಲ ನೋಡಿಕೊಳ್ಳುತ್ತಾರೆ. ಹಿಂದೊಮ್ಮೆ ಯಾರೋ ಹೊರಗಿನವನು ಬಂದು ಫೋಟೋ ಸ್ಟುಡಿಯೋ ತೆರೆದಿದ್ದ. ಒಬ್ಬ ಗಿರಾಕಿಯೂ ಬರದೆ, ಪರದೆ ಕುರ್ಚಿ ಎಲ್ಲ ಮಾರಿ, ನಮಗೆ ಹಿಡಿಶಾಪ ಹಾಕಿ ಹೋದ. ಆ ಕುರ್ಚಿ ಈಗ ನಮ್ಮ ಗಿರಣಿಯಲ್ಲಿದೆ.

ಕೋರ್ಟಿನಲ್ಲೂ ಅದೇ ಪದ್ಧತಿ. ಸಾಕ್ಷಿಯನ್ನು ಕಿಟಕಿ ಪಕ್ಕ ಕೂರಿಸುತ್ತಾರೆ. ಜಡ್ಜು ಪೀಠ ಇಳಿದು ಬಂದು, ಹಿತ್ತಾಳೆ ಹಿಡಿಯ ಭೂತಗನ್ನಡಿಯಲ್ಲಿ ಅವನ ಕಣ್ಣೊಳಗೆ ನೋಡುತ್ತಾರೆ. ನೋಡಿ ತಲೆಯಾಡಿಸಿದರೆ ಮುಗಿಯಿತು. ಸಾಕ್ಷಿಯನ್ನು ಪ್ರಶ್ನೆ ಕೇಳುವ ರೂಢಿಯೇ ಇಲ್ಲ. ಕಣ್ಣೇ ತೋರಿಸಿದ ಮೇಲೆ ಬಾಯಿಗೇನು ಕೆಲಸ ಎನ್ನುತ್ತಾರೆ. ಆರೋಪಿಯ ಕಣ್ಣು, ಅವನ ಒಡಹುಟ್ಟಿದವರ ಕಣ್ಣು ಲೆಕ್ಕಕ್ಕಿಲ್ಲ. ಆದರೆ ಅವನ ಮನೆಯವರಲ್ಲಿ ಒಬ್ಬರಿಗೆ ಸಾಕ್ಷಿಯ ಕಣ್ಣನ್ನು ಒಂದು ಸಲ ನೋಡಿ ತಕರಾರು ಎತ್ತುವ ಹಕ್ಕು ಕೊಟ್ಟಿದ್ದಾರೆ, ನೋಡಿ ಸಮಾಧಾನ ಮಾಡಿಕೊಳ್ಳಲಿ ಅಂತ. ಎಂಥ ಸಮಾಧಾನವೋ!

ಮರದ ಡಿಪೋದ ದೊಡ್ಡೀರಯ್ಯನನ್ನು ಒಂದು ಸಂಜೆ, ದೀಪ ಹಚ್ಚುವ ಹೊತ್ತಿನಲ್ಲಿ, ಡಿಪೋದ ಹಿಂದಿನ ಓಣಿಯಲ್ಲಿ ಯಾರೋ ಮಚ್ಚಿನಿಂದ ಕೊಚ್ಚಿ ಕೊಂದರು. ಯಾರು ಎಂದು ನನಗೆ ಅವತ್ತೂ ಗೊತ್ತಿರಲಿಲ್ಲ, ಇವತ್ತೂ ಗೊತ್ತಿಲ್ಲ. ಚೆಲುವ ಆ ಹೊತ್ತಿಗೆ ಕಾಲುವೆಯಲ್ಲಿ ಮೈ ತೊಳೆಯುತ್ತಿದ್ದ. ದಿನವಿಡೀ ಹಿಟ್ಟು ಮೆತ್ತಿಕೊಂಡವನು ದಿನಾ ಸಂಜೆ ಅಲ್ಲಿಗೇ ಹೋಗುವುದು. ಅವನ ದುರದೃಷ್ಟ, ಅಲ್ಲಿ ಅವನನ್ನು ಕಂಡ ಕಣ್ಣು ಒಂದೂ ಇರಲಿಲ್ಲ. ಅದಕ್ಕೆ ಮೊದಲಿನ ವಾರವಷ್ಟೇ, ಡಿಪೋದ ಚರಂಡಿ ನೀರು ನಮ್ಮ ಗಿರಣಿಗೆ ನುಗ್ಗುತ್ತದೆ ಎಂದು ಅವನೂ ದೊಡ್ಡೀರಯ್ಯನೂ ಸಂತೆಯಲ್ಲಿ ಕೊರಳಪಟ್ಟಿ ಹಿಡಿದುಕೊಂಡಿದ್ದರು. ಅದನ್ನು ಮಾತ್ರ ಊರೆಲ್ಲ ಕಂಡಿತ್ತು.

ಮಾರನೇ ದಿನ ಬೆಳಿಗ್ಗೆ ದಫೇದಾರ ಗುರುಮಲ್ಲು ಕಾಲುವೆ ಹತ್ತಿರ ಚೆಲುವನನ್ನು ಹಿಡಿದ. ಅಲ್ಲಿ ಏನು ನಡೆಯಿತೋ ಅವರಿಬ್ಬರಿಗೇ ಗೊತ್ತು. ಪೇಟೆಬೀದಿಯಲ್ಲಿ ಎಳೆದು ತರುವಾಗ ನನ್ನ ತಮ್ಮನ ಎಡಹುಬ್ಬು ನಡುವೆ ಸೀಳಿ ಎರಡು ಹೋಳಾಗಿತ್ತು, ಅಂಗಿ ರಕ್ತದಲ್ಲಿ ತೊಯ್ದಿತ್ತು. ಜನ ಅಂಗಡಿ ಬಿಟ್ಟು ಇಳಿದು ಬಂದು ನೋಡಿದರು. ನಾನು ಸ್ಟೇಷನ್ನಿಗೆ ಅರಿಶಿನ ತೆಗೆದುಕೊಂಡು ಓಡಿದೆ. ಕಂಬಿಯ ನಡುವೆ ಕೈ ತೂರಿಸಿ ಗಾಯಕ್ಕೆ ಒತ್ತಿದೆ. “ಅಕ್ಕಾ, ಲಾಠಿಯಿಂದ ಹೊಡೆದ ಕಣಕ್ಕಾ, ನಾನೇನೂ ಮಾಡಿಲ್ಲ,” ಎಂದ. ಗುರುಮಲ್ಲು ಮಾತ್ರ ‘ಆರೋಪಿಗೆ ಮೊದಲೇ ಇದ್ದ ಹಳೇ ಗಾಯ, ಎಳೆದಾಟದಲ್ಲಿ ಮತ್ತೆ ಬಿರಿಯಿತು’ ಎಂದು ವರದಿ ಕೊಟ್ಟ.

ಅವತ್ತೇ ಮಧ್ಯಾಹ್ನ ಪೊಲೀಸರು ಸೋಡಾ ಅಂಗಡಿಯ ಅಂದಾನಯ್ಯನನ್ನು ಕರೆಸಿದರು. ಅವನ ಅಂಗಡಿ ಆ ಓಣಿಯ ಬಾಯಿಗೇ ಇರುವುದು. ಅಂದಾನಯ್ಯ ಸುಳ್ಳುಗಾರನಲ್ಲ, ಇದನ್ನು ನಾನೇ ಹೇಳುತ್ತೇನೆ. ಬಾಯಾರಿ ಬಂದ ಕೂಲಿಯವರಿಗೆ ಬಿಟ್ಟಿ ಸೋಡಾ ಕೊಡುವ ಮನುಷ್ಯ, ಇರುವೆ ತುಳಿದರೂ ‘ಅಯ್ಯೋ ಪಾಪ’ ಎನ್ನುವವನು. ಲಾಕಪ್ಪಿನಲ್ಲಿ ಕೂತಿದ್ದ ಚೆಲುವನನ್ನು ತೋರಿಸಿ ‘ನಿನ್ನೆ ಸಂಜೆಯದನ್ನ ನೆನೆಸ್ಕೋ’ ಎಂದರಂತೆ. ಬೆಳಕಿಗೆ ತಿರುಗಿಸಿ ಕಣ್ಣು ನೋಡಿದರಂತೆ. ಕಣ್ಣಲ್ಲಿ ಚೆಲುವ ಇದ್ದ. ಮಚ್ಚು ಎತ್ತಿಕೊಂಡು, ದೊಡ್ಡೀರಯ್ಯನ ಎದುರಿಗೇ.

ಕೆಳಗಿನ ಕೋರ್ಟಿನಲ್ಲಿ ನನ್ನನ್ನು ಕೂಗಿದರು, ಬಂದು ನೋಡು ಅಂತ. ನಾನು ಹೋಗಲಿಲ್ಲ. “ನನ್ನ ತಮ್ಮ ಎಂಥವನು ಅಂತ ತಿಳ್ಕೊಳ್ಳೋಕೆ ಅಂದಾನಯ್ಯನ ಕಣ್ಣಲ್ಲಿ ಇಣುಕಬೇಕಾ? ಎತ್ತಿ ಆಡಿಸಿದವಳು ನಾನು,” ಎಂದು ಸೆರಗು ಕೊಡವಿ ಕೂತೆ. ಮನೆಯವರು ತಕರಾರು ಮಾಡಲಿಲ್ಲ ಎಂದು ಬರೆದುಕೊಂಡು ಗಲ್ಲುಶಿಕ್ಷೆ ಕೊಟ್ಟರು. ಆಮೇಲೆ ಎಲ್ಲರೂ ಬಂದು ನನಗೆ ಬುದ್ಧಿ ಹೇಳಿದರು, ಹಟ ಮಾಡಬಾರದಿತ್ತು ಅಂತ. ಹಟ ನನ್ನ ಹುಟ್ಟುಗುಣ, ಅದನ್ನು ಯಾರ ಕಾಲ ಬಳಿಯೂ ಇಟ್ಟು ಬರಲು ಆಗುವುದಿಲ್ಲ.

ಮೇಲಿನ ಕೋರ್ಟಿಗೆ ಅಪೀಲು ಹಾಕಿದೆವು. ನಮ್ಮ ಮೇಲಿನ ಕೋರ್ಟು ನಿಜವಾಗಿಯೂ ಮೇಲೇ ಇದೆ, ಗುಡ್ಡದ ನೆತ್ತಿಯಲ್ಲಿ. ಮೆಟ್ಟಿಲು ಹತ್ತಿ ಹೋಗುವಷ್ಟರಲ್ಲಿ ಅರ್ಧ ಜನರ ವಾದ ಉಸಿರಿನ ಜೊತೆಗೇ ಹೋಗಿಬಿಡುತ್ತದೆ. ಅಲ್ಲಿ ಪಾಳಿ ಬರುವಷ್ಟರಲ್ಲಿ ವರ್ಷಗಳೇ ಕಳೆದವು. ಜೈಲಿನಲ್ಲಿ ಚೆಲುವನ ಹುಬ್ಬಿನ ಗಾಯ ಮಾಯ್ದು, ಕೂದಲು ಹುಟ್ಟದ ಬಿಳಿ ಗೆರೆ ಉಳಿಯಿತು. ಊರಲ್ಲಿ ಅವನಿಗೆ ‘ಒಡಕುಹುಬ್ಬಿನ ಚೆಲುವ’ ಎಂದೇ ಹೆಸರಾಯಿತು. ನಮ್ಮ ವಕೀಲ ಪರಶಿವಯ್ಯ ಒಳ್ಳೆಯವರು, ಆದರೆ ಸೋತು ಸೋತು ಅಭ್ಯಾಸವಾದವರು. ಒಂದು ದಿನ ಗಿರಣಿಗೆ ಬಂದು ಆ ಸ್ಟುಡಿಯೋ ಕುರ್ಚಿಯಲ್ಲಿ ಕೂತರು.

“ನೋಡಮ್ಮ ಮಾದೇವಿ, ಓಣಿಯಲ್ಲಿ ಗರಗಸದ ಹೊಟ್ಟು ಮುಸುಕಿತ್ತು, ಬೆಳಕು ಕಮ್ಮಿ ಇತ್ತು ಅಂತ ನಾನು ವಾದ ಮಾಡ್ತೀನಿ. ಆದ್ರೆ ಕಣ್ಣಲ್ಲಿ ಮುಖ ಸ್ಪಷ್ಟವಾಗಿ ಕೂತಿರುವಾಗ ಹೊಟ್ಟಿನ ಮಾತು ಯಾರು ಕೇಳ್ತಾರೆ? ನೋಡೋ ನಿನ್ನ ಹಕ್ಕು ಹಾಗೇ ಉಳಿದಿದೆ. ಒಂದ್ಸಲ ನೋಡಿಬಿಡು. ಏನಾದ್ರೂ ಸಿಕ್ಕೀತು.”

“ಏನು ಸಿಗ್ತದೆ ವಕೀಲ್ರೇ?”

“ಗೊತ್ತಿಲ್ಲಮ್ಮ. ನನಗಂತೂ ಏನೂ ಸಿಗಲಿಲ್ಲ,” ಎಂದರು. ಆ ಮಾತಿನಲ್ಲಿ ಮುಚ್ಚುಮರೆ ಇರಲಿಲ್ಲ, ಅದಕ್ಕೇ ಹೋದೆ.

ಅಂದಾನಯ್ಯ ನನ್ನನ್ನು ಕಂಡ ಕೂಡಲೇ ಕೈಲಿದ್ದ ಸೋಡಾ ಸೀಸೆ ಕೆಳಗಿಟ್ಟ. ವರ್ಷಗಳಿಂದ ಊರಿನ ಜನ, ನೆಂಟರು, ದಾರಿಹೋಕರು ಎಲ್ಲ ಬಂದು ಅವನ ಕಣ್ಣು ನೋಡಿ ಹೋಗಿದ್ದರು. ಅವನಿಗೂ ಸಾಕಾಗಿತ್ತು. “ಬಾ ತಾಯಿ, ನೀನು ಎಂದೋ ಬರಬೇಕಿತ್ತು,” ಎಂದು ಬಿಸಿಲಿಗೆ ಮುಖ ಕೊಟ್ಟು ಕೂತ. ನಾನು ಬಗ್ಗಿದೆ. ಹೊಟ್ಟಿನ ಧೂಳು, ದೊಡ್ಡೀರಯ್ಯನ ಬೋಳುತಲೆ, ಮೇಲೆತ್ತಿದ ಕೈ. ಆ ಕೈಯ ಹಿಂದೆ ನನ್ನ ತಮ್ಮನ ಮುಖ. ಅವನದೇ ಮೂಗು, ಅವನದೇ ತುಟಿ, ಅವನದೇ ಒಡೆದ ಹುಬ್ಬು. ಅಯ್ಯೋ ದೇವರೇ, ಇವನೇ ಮಾಡಿದ್ದಾನಲ್ಲ ಅನ್ನಿಸಿತು. ಸುಳ್ಳು ಯಾಕೆ ಹೇಳಲಿ, ಅಲ್ಲಿಂದ ಗಿರಣಿಯವರೆಗೂ ನನ್ನ ತಮ್ಮ ಕೊಲೆಗಾರ ಎಂದೇ ನಂಬಿಕೊಂಡು ನಡೆದೆ, ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡು ಅತ್ತೆ.

ಗಿರಣಿಯಲ್ಲಿ ಯಾರದೋ ಅರಿಶಿನಕೊಂಬು ಪುಡಿಗೆ ಬಂದು ಕೂತಿತ್ತು. ಗಿರಾಕಿ ಕಾಯುತ್ತಿದ್ದ, ಅಳುತ್ತಲೇ ಸುರಿದೆ. ಪುಡಿ ಬೆರಳಿಗೆ ಮೆತ್ತಿತು. ಹಳದಿಯಾದ ಆ ಹೆಬ್ಬೆರಳನ್ನು ನೋಡುತ್ತಾ ನಿಂತುಬಿಟ್ಟೆ. ಲಾಕಪ್ಪಿನ ಕಂಬಿಯೊಳಗೆ ತೂರಿಸಿ, ಬಿಸಿರಕ್ತ ಸುರಿಯುತ್ತಿದ್ದ ಹುಬ್ಬಿಗೆ ಒತ್ತಿದ್ದು ಇದೇ ಬೆರಳು. ಅದು ಕೊಲೆಯಾದ ಮಾರನೇ ದಿನ. ಹಿಂದಿನ ರಾತ್ರಿ ನನ್ನೆದುರು ಕೂತು ಮುದ್ದೆ ಉಂಡವನ ಹುಬ್ಬಿಗೆ ಏನೂ ಆಗಿರಲಿಲ್ಲ. ಹಾಗಿದ್ದ ಮೇಲೆ ಕೊಲೆಯ ಸಂಜೆ ಕಂಡ ಮುಖದಲ್ಲಿ ಒಡೆದ ಹುಬ್ಬು ಬಂದದ್ದು ಎಲ್ಲಿಂದ?

ಗಿರಣಿ ಹಾಗೇ ಓಡುತ್ತಿರಲು ಬಿಟ್ಟು ಪರಶಿವಯ್ಯನವರ ಮನೆಗೆ ಓಡಿದೆ. ಕೇಳಿ ಅವರು ಕೂತಲ್ಲಿಂದ ಎದ್ದರು, ಮತ್ತೆ ಕೂತರು. “ನಾನೂ ನೋಡಿದ್ದೀನಲ್ಲೇ! ಎಷ್ಟೋ ಸಲ ನೋಡಿದ್ದೀನಿ!” ಎಂದರು. ಹೌದು, ಎಲ್ಲರೂ ನೋಡಿದ್ದರು. ಒಡಕುಹುಬ್ಬಿನ ಚೆಲುವನನ್ನು ಹುಡುಕಿದರು, ಒಡಕುಹುಬ್ಬಿನ ಚೆಲುವ ಕಂಡ, ಸರಿ ಎಂದು ತಲೆಯಾಡಿಸಿದರು. ಅಂದಾನಯ್ಯ ಓಣಿಯಲ್ಲಿ ಕಂಡದ್ದು ಯಾರನ್ನೋ. ಮುಖ ಇಲ್ಲದ ಜಾಗಕ್ಕೆ ಲಾಕಪ್ಪಿನಲ್ಲಿ ಕಂಡ ಮುಖ ಬಂದು ಕೂತಿತ್ತು, ಗಾಯದ ಸಮೇತ.

“ಈಗ ಒಂದೇ ಕೆಲಸ,” ಎಂದರು ವಕೀಲರು. “ಕೊಲೆಗೆ ಮುಂಚೆ ಅವನ ಹುಬ್ಬು ನೆಟ್ಟಗಿತ್ತು ಅಂತ ತೋರಿಸಬೇಕು. ಇಲ್ಲದಿದ್ರೆ ದಫೇದಾರ ಹಳೇ ಗಾಯ ಅಂದಿದ್ದಾನಲ್ಲ, ಅದೇ ನಿಲ್ಲುತ್ತೆ. ಊರವರ ಕಣ್ಣಲ್ಲಿ ಹಳೇ ಚೆಲುವ ಸಿಕ್ಕೇ ಸಿಗ್ತಾನೆ, ಚಿಂತೆ ಮಾಡಬೇಡ.”

ಚಿಂತೆ ಮಾಡದೇ ಹೊರಟೆವು. ಪಕ್ಕದ ಮನೆಯ ದೇವೀರಮ್ಮ ಅವನು ಚಡ್ಡಿ ಹಾಕಿಕೊಂಡು ಕೆರೆ ಏರಿಯಲ್ಲಿ ಓಡಿದ್ದನ್ನು ನೆನೆದಳು. ಕಣ್ಣಲ್ಲಿ ಓಡುತ್ತಿದ್ದ ಹುಡುಗನ ಎಡಹುಬ್ಬು ಎರಡು ಹೋಳು. ಅವನ ಜೊತೆ ಓದಿದ ಕ್ಷೌರದ ಅಂಗಡಿಯವನು ಅವನಿಗೆ ಮೊದಲ ಸಲ ಮೀಸೆ ತಿದ್ದಿದ್ದನ್ನು ನೆನೆದ. ಅಲ್ಲೂ ಒಡೆದ ಹುಬ್ಬು. ಪೇಟೆಬೀದಿಯ ಮೆರವಣಿಗೆ ನೋಡಿದ ಕಣ್ಣುಗಳು, ಜೈಲಿಗೆ ಹೋಗಿ ಮಾತಾಡಿಸಿ ಬಂದ ಕಣ್ಣುಗಳು, ಒಂದೂ ಬಿಡದೆ ಹಿಂದಿನದನ್ನೆಲ್ಲ ಒರೆಸಿ ಈಗಿನದನ್ನು ಬರೆದುಕೊಂಡಿದ್ದವು. “ಅದು ಹುಟ್ಟಿದಾಗಿಂದ್ಲೇ ಇತ್ತಲ್ಲ ಮಾದೇವಿ? ನೀನ್ಯಾಕೆ ಹಿಂಗಾಡ್ತೀಯ?” ಎಂದಳು ದೇವೀರಮ್ಮ, ಕರುಣೆಯಿಂದ. ನನಗೆ ಮೈಯೆಲ್ಲ ಉರಿದುಹೋಯಿತು. ಕೊನೆಗೆ ಪರಶಿವಯ್ಯನವರಿಗೆ ನನ್ನ ಕಣ್ಣನ್ನೇ ನೋಡಲು ಹೇಳಿದೆ, ಅವನು ಹುಟ್ಟಿದ ದಿನವನ್ನು ನೆನೆದೆ. ಅವರು ನೋಡಿದರು. ಕನ್ನಡಕ ತೆಗೆದು ಒರೆಸಿಕೊಳ್ಳತೊಡಗಿದರು.

“ಹೇಳಿ ವಕೀಲ್ರೇ.”

“ನಿಮ್ಮವ್ವನ ಮಡಿಲಲ್ಲಿ ಕೂಸಿದೆ. ಹುಬ್ಬು ಒಡೆದಿದೆ.”

ಅವತ್ತು ನಾನು ಯಾರ ಮೇಲೆ ಸಿಟ್ಟಾಗಬೇಕು ಎಂದು ತಿಳಿಯದೆ ಗಿರಣಿಯ ಕಬ್ಬಿಣದ ಬಾಗಿಲಿಗೆ ಒದ್ದೆ. ನನ್ನ ಕಣ್ಣೂ ಅವರ ಕಡೆಗೇ ಹೋಗಿತ್ತು. ನನ್ನ ತಮ್ಮನ ಮುಖವನ್ನು ಗುರುಮಲ್ಲು ಒಂದೇ ಏಟಿಗೆ ಇಡೀ ಊರಿನ ಕಣ್ಣುಗಳಲ್ಲಿ ಒಡೆದು ಹಾಕಿದ್ದ.

ದಾರಿ ತೋರಿಸಿದ್ದು ನಮ್ಮ ಹೊನ್ನತ್ತೆಯ ಮಗಳು ಸುಗುಣ, ಅದೂ ಅವಳಿಗೆ ತಿಳಿಯದೆ. ಹೊನ್ನತ್ತೆ ನಮ್ಮಪ್ಪನ ಒಡಹುಟ್ಟಿದ ತಂಗಿ. ಸುಗುಣಳನ್ನು ಚೆಲುವನಿಗೇ ಎಂದು ತೊಟ್ಟಿಲಲ್ಲೇ ಮಾತಾಡಿಕೊಂಡಿದ್ದರು. ನಿಶ್ಚಯದ ದಿನ, ಎಲೆಅಡಿಕೆ ತಟ್ಟೆ ಮುಂದಿಟ್ಟಾಗ, ಈ ಪುಣ್ಯಾತ್ಮ “ಸುಗುಣ ನಂಗೆ ತಂಗಿ ಇದ್ದಂಗೆ, ನಂಗೀ ಮದುವೆ ಬೇಡ” ಎಂದುಬಿಟ್ಟ. ಅಂದದ್ದಲ್ಲದೆ, ಮುಜುಗರಕ್ಕೆ ಹಲ್ಲು ಕಿರಿದ. ಹೊನ್ನತ್ತೆ ತಟ್ಟೆ ಎತ್ತಿ ಅಂಗಳಕ್ಕೆಸೆದು, “ಈ ಜನ್ಮದಲ್ಲಿ ನಿನ್ನ ಮುಖ ನೋಡಲ್ಲ ಕಣೋ” ಎಂದು ಹೊರಟಳು. ಇದು ಕೊಲೆಗೆ ಒಂದು ವರ್ಷ ಮುಂಚಿನ ಮಾತು. ಹೊನ್ನತ್ತೆ ಬಾಯಿಮಾತಿಗೆ ಹೇಳುವವಳಲ್ಲ. ಅವನು ಬೀದಿಯಲ್ಲಿ ಬಂದರೆ ಸೆರಗು ಎಳೆದುಕೊಂಡು ಗೋಡೆಗೆ ತಿರುಗಿ ನಿಲ್ಲುತ್ತಿದ್ದಳು. ಸುಗುಣ ಬೇರೆಯವನನ್ನು ಮದುವೆಯಾಗಿ, ಮಕ್ಕಳಾಗಿ, ಸುಖವಾಗಿದ್ದಳು. ಮುನಿಸು ಅವಳ ತಾಯಿಗೆ ಮಾತ್ರ ಉಳಿದಿತ್ತು.

ಸುಗುಣ ಗೋಧಿ ಬೀಸಿಸಲು ಬಂದವಳು ಸುಮ್ಮನೆ ಮಾತಿಗೆಂದು, “ನಮ್ಮವ್ವನ ಹಟ ನೋಡಿದ್ಯಾ ಮಾದೇವಕ್ಕ, ಭಾವನ್ನ ಪೇಟೆಬೀದೀಲಿ ಎಳಕೊಂಡು ಹೋದಾಗ ಊರೆಲ್ಲ ಓಡಿತು, ಅವ್ವ ಬಾಗಿಲು ಹಾಕ್ಕೊಂಡು ಒಳಗೇ ಕೂತಿದ್ಲು. ಭಾವ ಸಾಯೋ ಮುಂಚೆ ಒಂದ್ಸಲ ಜೈಲಿಗೆ ಹೋಗಿ ಬಾ ಅಂದ್ರೂ ಕೇಳಲ್ಲ,” ಎಂದಳು. ನಾನು ಬೆಲ್ಟು ನಿಲ್ಲಿಸಿದೆ. ಅವಳ ಗೋಧಿ ಅರ್ಧ ಹಿಟ್ಟಾಗಿ ಅರ್ಧ ಹಾಗೇ ಉಳಿಯಿತು. “ಅಯ್ಯೋ, ನನ್ನ ಹಿಟ್ಟು!” ಎಂದು ಅವಳು ಕೂಗುತ್ತಿದ್ದಂತೆ ನಾನು ಬೀದಿಯಲ್ಲಿದ್ದೆ.

ಹೊನ್ನತ್ತೆ ಜಗಲಿಯಲ್ಲಿ ಕೂತು ಅವರೆಕಾಳು ಹಿಚುಕುತ್ತಿದ್ದಳು. ನನ್ನನ್ನು ಕಂಡು ಮುಖ ಗಂಟಿಕ್ಕಿದಳು.

“ಏನೇ, ದಾರಿ ತಪ್ಪಿ ಬಂದ್ಯಾ?”

“ಅತ್ತೆ, ಚೆಲುವನ ವಿಷಯ.”

“ಅವನ ಹೆಸರು ನನ್ನ ಮನೇಲಿ ಎತ್ತಬೇಡ. ಗಲ್ಲಿಗೆ ಹಾಕಿದ್ರೂ ನಾನು ಬಂದು ಅವನ ಮುಖ ನೋಡಲ್ಲ.”

“ನೋಡಬೇಡ ಅಂತ್ಲೇ ಕೇಳ್ಕೊಳ್ಳೋಕೆ ಬಂದಿದ್ದೀನಿ, ನಮ್ಮತ್ತೆ! ಅಪ್ಪಿತಪ್ಪಿ ಕೂಡ ನೋಡಬೇಡ!”

ಅವಳ ಕೈಲಿದ್ದ ಕಾಳು ಕೈಯಲ್ಲೇ ಉಳಿಯಿತು. ಇದೇನು ಹುಚ್ಚು ಹಿಡಿಯಿತೇ ಇವಳಿಗೆ ಎಂಬಂತೆ ನೋಡಿದಳು. ನಾನು ಅವಳ ಪಕ್ಕ ಕೂತು ಹುಬ್ಬಿನ ಕಥೆಯೆಲ್ಲ ಹೇಳಿದೆ, ದೇವೀರಮ್ಮನ ಕಣ್ಣು, ನನ್ನ ಕಣ್ಣು, ಎಲ್ಲ. ಅವಳು ಕೈಲಿದ್ದ ಕಾಳನ್ನು ಬಟ್ಟಲಿಗೆ ಹಾಕಿದಳು. ಆಮೇಲೆ ಸಿಪ್ಪೆಯ ಮೊರ ಪಕ್ಕಕ್ಕೆ ತಳ್ಳಿ, ಬಿಸಿಲಿಗೆ ತಿರುಗಿ, ಕಣ್ಣು ಅರಳಿಸಿ ಕೂತಳು. “ನೋಡು. ಅದೇ ದಿನ ನೆನೆಸ್ಕೊಂಡಿದ್ದೀನಿ. ನೆನೆಸ್ಕೊಂಡ್ರೆ ಈಗ್ಲೂ ಹೊಟ್ಟೆ ಉರೀತದೆ,” ಎಂದಳು.

ನೋಡಿದೆ. ಎಲೆಅಡಿಕೆ ತಟ್ಟೆ, ಅದರಾಚೆ ಚೆಲುವ, ಬಿಳಿ ಅಂಗಿ, ಪೆದ್ದುಪೆದ್ದಾಗಿ ಹಲ್ಲು ಕಿರಿಯುತ್ತಿದ್ದಾನೆ. ಎರಡೂ ಹುಬ್ಬು ದಟ್ಟವಾಗಿ, ಕಪ್ಪಗೆ, ನೆಟ್ಟಗೆ ಇವೆ. ಈ ಮುಖ ಮರೆತೇ ಹೋಗಿದೆ ಎಂಬುದೇ ನನಗೆ ಮರೆತುಹೋಗಿತ್ತು. ಹೊನ್ನತ್ತೆಯ ಎರಡೂ ಕೆನ್ನೆ ಹಿಡಿದುಕೊಂಡು ಗಟ್ಟಿಯಾಗಿ ಅತ್ತುಬಿಟ್ಟೆ. “ಸಾಕು ಬಿಡೇ, ಕಣ್ಣಿಗೆ ನೀರು ಬಿದ್ರೆ ಅವನು ಕರಗಿ ಹೋದಾನು,” ಎಂದು ಗದರಿದಳು. ಊರೆಲ್ಲ ಅವನನ್ನು ಪ್ರೀತಿಯಿಂದ ನೋಡಿ ನೋಡಿ ಕೆಡಿಸಿದರೆ, ಇವಳು ಸಿಟ್ಟಿನಿಂದ ಹಾಗೇ ಇಟ್ಟುಕೊಂಡಿದ್ದಳು.

“ಕೋರ್ಟಿಗೆ ಬರ್ತೀಯಾ ಅತ್ತೆ?”

“ಬರ್ತೀನಿ. ಅವನ ಮೇಲಿನ ಸಿಟ್ಟು ಹೋಯ್ತು ಅಂತ ಮಾತ್ರ ತಿಳ್ಕೋಬೇಡ. ನನ್ನ ಮಗಳ ಎದುರು ಹಲ್ಲು ಕಿರಿದವನು ಅವನು. ಆದ್ರೆ ಮಾಡದ ಕೊಲೆಗೆ ನೇಣು ಹಾಕೋಕೆ ಇವರ್ಯಾರು?”

ವಿಚಾರಣೆಯ ದಿನ ಹೊನ್ನತ್ತೆಯ ಕಣ್ಣಿಗೆ ನನ್ನ ಹಳೇ ಸೀರೆಯ ಅಂಚು ಹರಿದು ಪಟ್ಟಿ ಕಟ್ಟಿ, ಕೈಹಿಡಿದು ಗುಡ್ಡ ಹತ್ತಿಸಿದೆ. ಮೆಟ್ಟಿಲ ಮೇಲೆ ಜನ ಮುಸಿಮುಸಿ ನಕ್ಕರು. “ಯಾರೇ ಅದು ನಗ್ತಿರೋರು? ಕಣ್ಣು ಕಟ್ಟಿದೆ, ಕೈ ಕಟ್ಟಿಲ್ಲ!” ಎಂದಳು ಅತ್ತೆ. ನಗು ನಿಂತಿತು. ಮೇಲೆ ಮೂವರು ಜಡ್ಜುಗಳು ಕೂತಿದ್ದರು. ಕಟಕಟೆಯಲ್ಲಿ ಚೆಲುವ, ಬಡಕಲಾಗಿ, ತಲೆ ಬೋಳಿಸಿಕೊಂಡು. ಕೊನೆಯ ಬೆಂಚಿನಲ್ಲಿ ಅಂದಾನಯ್ಯ, ಬಾಗಿಲ ಬಳಿ ದಫೇದಾರ ಗುರುಮಲ್ಲು.

ಸರ್ಕಾರಿ ವಕೀಲರು ಮೊದಲು, ಈಕೆ ಆರೋಪಿಯ ಸೋದರತ್ತೆ, ಬಂಧುವಿನ ಕಣ್ಣು ಆಗದು ಎಂದರು. “ಬಂಧುವಾ?” ಎಂದಳು ಹೊನ್ನತ್ತೆ. “ಅವನು ಸತ್ರೆ ನಾನು ಸೂತಕ ಹಿಡಿಯಲ್ಲ ಅಂತ ಊರ ಮುಂದೆ ಹೇಳಿದ್ದೀನಿ. ಕೇಳಿ ನೋಡಿ ಯಾರನ್ನಾದ್ರೂ.” ಹಿಂದೆ ಕೂತ ಅರ್ಧ ಊರು ಹೌದು ಹೌದು ಎಂದು ತಲೆಯಾಡಿಸಿತು. ಹಿರಿಯ ಜಡ್ಜು ಮುಂದುವರಿಯಲಿ ಎಂದರು. ಆಗ ಸರ್ಕಾರಿ ವಕೀಲರು ಕೋಟು ಸರಿಮಾಡಿಕೊಂಡು ಎರಡನೇ ಬಾಣ ಬಿಟ್ಟರು: ಸಾಕ್ಷಿ ಯಾರ ವಿಷಯ ಹೇಳಲು ಬಂದಿದ್ದಾಳೋ ಅವನನ್ನು ಮೊದಲು ನೋಡಿ ಗುರುತಿಸಬೇಕು, ಅದು ಈ ಕೋರ್ಟಿನ ನಿಯಮ, ಪಟ್ಟಿ ಬಿಚ್ಚಿಸಿ. ಜವಾನ ಅತ್ತೆಯ ಕಡೆ ಕೈ ಚಾಚಿಕೊಂಡು ಬಂದ.

ನಾನು ಕಿರುಚಿದ್ದು ಆವಾಗಲೇ. “ಮುಟ್ಟಬೇಡ!” ಎಂದೆ. ಗಿರಣಿ ಓಡುವಾಗ ಕೂಗುವ ಗಂಟಲು ಅದು, ಸದ್ದಿಲ್ಲದ ಕೋರ್ಟಿನಲ್ಲಿ ಹೇಗೆ ಕೇಳಿಸಿರಬೇಕು! ಕಿಟಕಿಯ ಪಾರಿವಾಳಗಳು ಎದ್ದು ಹಾರಿದವು. “ಸ್ವಾಮಿ, ಒಂದು ಗಳಿಗೆ ನೋಡಿದ್ರೆ ಇವಳ ಕಣ್ಣೂ ನಮ್ಮೆಲ್ಲರ ಹಾಗೆ ಆಗ್ತದೆ! ಆಮೇಲೆ ಈ ಊರಲ್ಲಿ ನನ್ನ ತಮ್ಮನ ಮುಖ ಎಲ್ಲೂ ಉಳಿಯಲ್ಲ! ನನ್ನನ್ನ ಜೈಲಿಗೆ ಹಾಕಿ ಬೇಕಾದ್ರೆ, ಮೊದಲು ಕಣ್ಣು ನೋಡಿ!” ನನ್ನನ್ನು ಹಿಡಿದುಕೊಳ್ಳಲು ಇಬ್ಬರು ಬಂದರು. ಹೊನ್ನತ್ತೆ ಕುರ್ಚಿಯಲ್ಲಿ ಅಲ್ಲಾಡದೆ ಕೂತು, ಶಾಂತವಾಗಿ ಹೇಳಿದಳು: “ಈ ಜನ್ಮದಲ್ಲಿ ಅವನ ಮುಖ ನೋಡಲ್ಲ ಅಂದವಳು ನಾನು, ಬುದ್ಧಿ. ನನ್ನ ಮಾತು ಮುರಿಸೋಕೆ ನಿಮ್ಮ ನಿಯಮಕ್ಕೆ ಆಗಲ್ಲ. ಅವನನ್ನ ಹೊರಗೆ ಕಳಿಸಿ, ಆಮೇಲೆ ಪಟ್ಟಿ ತೆಗೀರಿ.”

ಹಿರಿಯ ಜಡ್ಜು ಅವಳನ್ನು ತುಸು ಹೊತ್ತು ನೋಡಿದರು. ಅವರ ಮನೆಯಲ್ಲೂ ಇಂಥ ಅತ್ತೆಯೊಬ್ಬಳು ಇದ್ದಿರಬೇಕು. “ಆರೋಪಿಯನ್ನು ಆಚೆ ಕರೆದುಕೊಂಡು ಹೋಗಿ,” ಎಂದರು.

ಚೆಲುವ ಹೋದ ಮೇಲೆ ನಾನೇ ಪಟ್ಟಿ ಬಿಚ್ಚಿದೆ. ಮೂವರೂ ಸರದಿಯಲ್ಲಿ ಭೂತಗನ್ನಡಿ ಹಿಡಿದು ಬಗ್ಗಿದರು. ಮೊದಲನೆಯವರು ನೋಡಿ ಎರಡನೆಯವರ ಮುಖ ನೋಡಿದರು. ಹಿರಿಯವರು ಎಲ್ಲರಿಗಿಂತ ಹೆಚ್ಚು ಹೊತ್ತು ನೋಡಿದರು. ಆಮೇಲೆ ಅಂದಾನಯ್ಯನನ್ನು ಕರೆಸಿ ಅವನ ಕಣ್ಣು ನೋಡಿದರು, ಮತ್ತೆ ಹೊನ್ನತ್ತೆಯ ಕಣ್ಣು. ಪರಶಿವಯ್ಯ ವಾದ ಮಾಡಲು ಎದ್ದು ನಿಂತರು. ಆಗ ಹಿರಿಯ ಜಡ್ಜು ಆ ಕೋರ್ಟಿನಲ್ಲಿ ಯಾರೂ ಮಾಡದ ಕೆಲಸ ಮಾಡಿದರು. ಸಾಕ್ಷಿಯನ್ನು ಪ್ರಶ್ನೆ ಕೇಳಿದರು.

“ಅಂದಾನಯ್ಯ, ಈ ಹುಬ್ಬು ಯಾವಾಗ ಒಡೆದದ್ದು?”

ಅಂದಾನಯ್ಯ ಬೆಪ್ಪಾಗಿ ನಿಂತ. ಇಷ್ಟು ವರ್ಷದಲ್ಲಿ ಅವನ ಕಣ್ಣನ್ನು ಬಿಟ್ಟು ಬಾಯನ್ನು ಯಾರೂ ಏನೂ ಕೇಳಿರಲಿಲ್ಲ. “ಅದು ಸ್ವಾಮಿ... ಹಿಡಿದು ತಂದ ದಿನ,” ಎಂದ. “ನನ್ನ ಅಂಗಡಿ ಮುಂದೇನೇ ಕರ್ಕೊಂಡು ಬಂದ್ರು. ರಕ್ತ ಸುರೀತಿತ್ತು. ಪಾಪ ಅನ್ನಿಸ್ತು, ನಾನೇ ಒಂದು ಸೋಡಾ ಒಡೆದು ಗಾಯ ತೊಳೆದೆ. ಹಸಿ ಗಾಯ, ಬೆಳ್ಳಗೆ ಮೂಳೆ ಕಾಣ್ತಿತ್ತು.”

“ಕೊಲೆ ಆದದ್ದು?”

“ಅದಕ್ಕೆ ಹಿಂದಿನ...” ಎಂದವನು ಅಲ್ಲಿಗೇ ನಿಲ್ಲಿಸಿದ. ಅವನ ಕೈ ಮೆಲ್ಲಗೆ ಮೇಲೆ ಹೋಗಿ ತನ್ನ ಕಣ್ಣನ್ನು ಮುಚ್ಚಿತು. “ಸ್ವಾಮಿ, ಅವತ್ತು ಸಂಜೆ ನನ್ನ ಹೆಂಡತಿಗೆ ಹೇಳಿದ್ದೆ, ಯಾರೋ ಒಬ್ಬ ಲುಂಗಿಯವನು, ಹೊಟ್ಟಿನಲ್ಲಿ ಮುಖ ಕಾಣಲಿಲ್ಲ ಅಂತ. ಮಾರನೇ ದಿನ ಸ್ಟೇಷನ್ನಲ್ಲಿ ಕಣ್ಣು ನೋಡಿದ್ರೆ ಮುಖ ಇತ್ತು. ಕಣ್ಣಲ್ಲೇ ಇದೆ ಅಂದ ಮೇಲೆ ನಾನೇ ಸರಿಯಾಗಿ ನೋಡಿರಬೇಕು ಅಂದ್ಕೊಂಡೆ. ನನ್ನನ್ನ ಯಾರೂ ಕೇಳಲಿಲ್ಲ ಸ್ವಾಮಿ.” ಅವನು ನೆಲದ ಮೇಲೆ ಕುಸಿದು ಕೂತು ಮಗುವಿನ ಹಾಗೆ ಅತ್ತ. ಅವನ ಮೇಲೆ ಇಟ್ಟುಕೊಂಡಿದ್ದ ಸಿಟ್ಟನ್ನು ಏನು ಮಾಡಬೇಕೋ ನನಗೆ ತಿಳಿಯಲಿಲ್ಲ.

ಸರ್ಕಾರಿ ವಕೀಲರು ಮಾತ್ರ ಬಿಡಲಿಲ್ಲ. “ಸ್ವಾಮಿ, ಇದನ್ನು ಒಪ್ಪಿದರೆ ಈವರೆಗೆ ಕಣ್ಣು ನಂಬಿ ಕೊಟ್ಟ ತೀರ್ಪುಗಳೆಲ್ಲ ಏನಾಗಬೇಕು? ಜೈಲು ತುಂಬ ಅಂಥವರೇ ಇದ್ದಾರೆ!” ಎಂದರು. ನಾನು ಸುಮ್ಮನಿರಬೇಕಿತ್ತು. ಇಬ್ಬರು ನನ್ನ ರಟ್ಟೆ ಹಿಡಿದಿದ್ದರು. “ಹಂಗಾದ್ರೆ ಎಲ್ಲಾ ತೆಗೀರಿ! ಒಂದೊಂದೂ ತೆಗೆದು ಬಾಯಿಬಿಟ್ಟು ಕೇಳಿ! ನಿಮಗೆ ಕೆಲಸ ಹೆಚ್ಚಾಗ್ತದೆ ಅಂತ ನನ್ನ ತಮ್ಮ ಸಾಯಬೇಕಾ?” ಎಂದೆ. ಹಿರಿಯ ಜಡ್ಜು ಭೂತಗನ್ನಡಿಯನ್ನು ಮೇಜಿನ ಮೇಲೆ ಮಗುಚಿ ಇಟ್ಟು, ಶಿಕ್ಷೆ ರದ್ದು, ಆರೋಪಿಯನ್ನು ಬಿಡಿ ಎಂದು ಬರೆಸಿದರು. ನನ್ನ ಕಿರುಚಾಟಕ್ಕೆ ಛೀಮಾರಿಯನ್ನೂ ಬರೆಸಿದರು, ಅದು ಬೇರೆ ಮಾತು.

ತೀರ್ಪು ಬರೆಸುವಾಗಲೇ ನಾನು ಹೊನ್ನತ್ತೆಗೆ ಮತ್ತೆ ಪಟ್ಟಿ ಕಟ್ಟಿದ್ದೆ, ಅವಳೇ ಕಟ್ಟು ಎಂದಿದ್ದಳು. ಹೊರಗೆ ಮೆಟ್ಟಿಲ ಮೇಲೆ ಚೆಲುವ ನಿಂತಿದ್ದ. ನನ್ನನ್ನು ಅಪ್ಪಿಕೊಂಡು ಬಿಕ್ಕಿದ. ಆಮೇಲೆ ಅತ್ತೆಯ ಎದುರು ಹೋಗಿ, ಜೈಲಿನ ಆ ಬಡಕಲು ಮೈಯನ್ನು ಬಗ್ಗಿಸಿ, ಕಾಲು ಮುಟ್ಟಿದ.

“ಅತ್ತೆ, ಅವತ್ತು ನಾನು ಹಂಗೆ ನಗಬಾರದಿತ್ತು. ತಪ್ಪಾಯ್ತು.”

“ಆಯ್ತು. ಎಷ್ಟು ವರ್ಷಕ್ಕೆ ಬುದ್ಧಿ ಬಂತು,” ಎಂದಳು ಅತ್ತೆ.

ನಾನು ಅವಳ ತಲೆಯ ಹಿಂದೆ ಗಂಟಿಗೆ ಕೈ ಹಾಕಿದೆ. “ಈಗಲಾದ್ರೂ ನೋಡತ್ತೆ. ಎಲ್ಲಾ ಮುಗೀತಲ್ಲ.” ಸುತ್ತ ಜನ ಸೇರಿದ್ದರು. ದೇವೀರಮ್ಮ ಆಗಲೇ ಸೆರಗಿನಲ್ಲಿ ಕಣ್ಣೊರೆಸಿಕೊಳ್ಳುತ್ತಿದ್ದಳು, ಅತ್ತೆ ಅಳಿಯ ಒಂದಾಗುವುದನ್ನು ಕಣ್ತುಂಬಿಕೊಳ್ಳಲು. ಬಾಗಿಲ ಬಳಿ ದಫೇದಾರ ಗುರುಮಲ್ಲು ಬೀಡಿ ಹಚ್ಚಿಕೊಂಡಿದ್ದ.

ಹೊನ್ನತ್ತೆ ನನ್ನ ಕೈಯನ್ನು ಪಟ್ಟನೆ ಹೊಡೆದು ಸರಿಸಿದಳು. ಕೈಚಾಚಿ ಚೆಲುವನ ತಲೆ ಹುಡುಕಿದಳು, ಹಣೆಯಿಂದ ಬೆರಳಾಡಿಸುತ್ತಾ ಕೆಳಗೆ ಬಂದಳು. ಎಡಹುಬ್ಬಿನ ಬೋಳು ಗೆರೆಯ ಮೇಲೆ ಅವಳ ಬೆರಳು ನಿಂತಿತು. ಒಂದು ಸಲ ಹಿಂದೆ, ಒಂದು ಸಲ ಮುಂದೆ ಸವರಿದಳು.

“ಬಿಚ್ಚಬೇಡ,” ಎಂದಳು. “ಇದನ್ನ ಒಡೆದವನು ಹಳೇ ಗಾಯ ಅಂತ ವರದಿ ಕೊಟ್ಟವನೆ ಅಲ್ವಾ? ಇದು ನೆಟ್ಟಗಿತ್ತು ಅನ್ನೋದಕ್ಕೆ ಈ ಊರಲ್ಲಿ ನನ್ನ ಕಣ್ಣು ಬಿಟ್ರೆ ಬೇರೆ ಸಾಕ್ಷಿ ಏನದೆ? ಆ ದಫೇದಾರನ ಕಣ್ಣು ನನಗೆ ಬೇಡ ಮಾದೇವಿ, ಎಲ್ಲರೆದುರಿಗೆ ಬಾಯಿ ಬಿಡಿಸಿ ಕೇಳಬೇಕು. ಜಡ್ಜುಗಳು ಇನ್ನೂ ಎದ್ದಿಲ್ಲ ತಾನೆ?”

“ಇಲ್ಲ ಅತ್ತೆ.”

ಗುರುಮಲ್ಲುವಿನ ಬೀಡಿ ಬೆರಳ ಸಂದಿಯಲ್ಲೇ ಉರಿಯುತ್ತಿತ್ತು. ಹೊನ್ನತ್ತೆ ಒಂದು ಕೈಯಲ್ಲಿ ನನ್ನನ್ನು, ಇನ್ನೊಂದು ಕೈಯಲ್ಲಿ ಇನ್ನೂ ಮುಖ ನೋಡದ ಅಳಿಯನನ್ನು ಹಿಡಿದುಕೊಂಡು, ಬಂದ ಮೆಟ್ಟಿಲಿಗೇ ತಿರುಗಿ ನಿಂತಳು.

“ನಡೀರಿ ಮತ್ತೆ ಮೇಲಕ್ಕೆ,” ಎಂದಳು.